ಭಂಗಾರ್ ಎಂದರೆ ಬಂಗಾರವಲ್ಲ

ಮಾಹಿಮ್ ಕಡೆಯಿಂದ ಬಂದು ಧಾರಾವಿಯ ತೇರಾ ಕಂಪೌಂಡ್‌ನ ಓಣಿಗಳಿಗೆ ಇಳಿದರೆ ಕನ್ನಡಿಗರ ಕಿವಿಗೆ ಒಂದು ಪದ ಮತ್ತೆ ಮತ್ತೆ ಬೀಳುತ್ತದೆ: ಭಂಗಾರ್. ಕೈಗಾಡಿ ತಳ್ಳುವವನ ಬಾಯಲ್ಲಿ ಅದೇ, ಗೋದಾಮಿನ ಬಾಗಿಲಲ್ಲಿ ತೂಕದ ಲೆಕ್ಕ ಬರೆಯುವವನ ಬಾಯಲ್ಲೂ ಅದೇ. ಹತ್ತಿರ ಹೋಗಿ ನೋಡಿದರೆ ಅಲ್ಲಿರುವುದು ಒಡೆದ ಬಕೆಟ್ಟು, ಮುರಿದ ಕುರ್ಚಿ, ಎಣ್ಣೆಯ ಖಾಲಿ ಡಬ್ಬ, ಹಳೆಯ ಕಂಪ್ಯೂಟರಿನ ಹೊದಿಕೆ. ಕನ್ನಡದಲ್ಲಿ ಇದಕ್ಕೆ ಗುಜರಿ ಎನ್ನುತ್ತೇವೆ. ಮುಂಬೈಯಲ್ಲಿ ಭಂಗಾರ್. ಬಂಗಾರವನ್ನು ನೆನಪಿಸುವ ಸದ್ದು ಇಲ್ಲಿ ಬಂಗಾರದ ತದ್ವಿರುದ್ಧ ವಸ್ತುವಿಗೆ ಹೆಸರಾಗಿದೆ. ಅದೇ ಕರಾವಳಿಯಲ್ಲಿ ಇನ್ನಷ್ಟು ದಕ್ಷಿಣಕ್ಕೆ ಬಂದರೆ ಕೊಂಕಣಿ ಮನೆಗಳಲ್ಲಿ ಭಾಂಗಾರ್ ಎಂದರೆ ಮತ್ತೆ ಚಿನ್ನವೇ.

ಎರಡು ಗಲ್ಲಿ ಆಚೆ, ಬಟ್ಟೆ ಹೊಲಿಯುವ ಕಾರ್ಖಾನೆಗಳ ಸಾಲಿನಲ್ಲಿ, ಇನ್ನೊಂದು ಪದ ಸಿಗುತ್ತದೆ: ಚಿಂದಿ. ಹೊಲಿಗೆಯಲ್ಲಿ ಕತ್ತರಿಸಿ ಉಳಿದ ಬಟ್ಟೆಯ ಚೂರುಗಳು. ಇದು ಕನ್ನಡಿಗರಿಗೂ ಗೊತ್ತಿರುವ ಪದ, ಚಿಂದಿ ಆಯುವವರು ನಮ್ಮ ಊರುಗಳಲ್ಲೂ ಇದ್ದಾರೆ. ಆದರೆ ಬೀದಿಮಾತಿಗೆ ಇಳಿದಾಗ ಎರಡು ಊರುಗಳ ದಾರಿ ಬೇರೆಯಾಗುತ್ತದೆ. ಮುಂಬೈಯಲ್ಲಿ ಯಾರನ್ನಾದರೂ ಚಿಂದಿ ಎಂದರೆ ಜುಗ್ಗ, ಕೀಳು, ಅಗ್ಗದ ಮನುಷ್ಯ ಎಂದರ್ಥ. ಚಿಂದಿ ಚೋರ್ ಎಂದರೆ ಕದಿಯುವುದರಲ್ಲೂ ದೊಡ್ಡದನ್ನು ಕದಿಯಲಾರದ ಕಳ್ಳ. ಬೆಂಗಳೂರಿನ ಹುಡುಗ ಸಿನಿಮಾ ನೋಡಿ ಹೊರಬಂದು 'ಚಿಂದಿ ಗುರೂ' ಎಂದರೆ ಅದು ಅವನು ಕೊಡಬಹುದಾದ ದೊಡ್ಡ ಮೆಚ್ಚುಗೆ. ಧಾರಾವಿಯಲ್ಲಿ ಚಿಂದಿಯ ವ್ಯಾಪಾರ ಮಾಡುವವನಿಗಾದರೋ ಅದು ಬೈಗುಳವೂ ಅಲ್ಲ, ಹೊಗಳಿಕೆಯೂ ಅಲ್ಲ. ಅದು ಮೂಟೆ ಕಟ್ಟಿ, ತೂಗಿ ಮಾರುವ ಸರಕು.

ಒಂದೇ ಪದ, ಮೂವರ ಬಾಯಲ್ಲಿ ಮೂರು ಅರ್ಥ. ಹಾಗಾದರೆ ಬೀದಿಯ ಪದವೊಂದಕ್ಕೆ ಅರ್ಥ ಕೊಡುವವರು ಯಾರು? ಆಡುವವರೇ, ಕೇಳುವವರೇ, ಅಥವಾ ದೂರದಲ್ಲಿ ಕುಳಿತು ವಿವರಿಸುವವರೇ? ಭಾಷಾಶಾಸ್ತ್ರದ ಪ್ರಶ್ನೆಯಂತೆ ಕಾಣುವ ಇದು ಧಾರಾವಿಯಲ್ಲಿ ಬೇಗನೆ ಬದುಕಿನ ಪ್ರಶ್ನೆಯಾಗುತ್ತದೆ.

ಕೋಳಿಯಿಲ್ಲದ ಕೋಳಿವಾಡ

ಧಾರಾವಿಯ ಅತ್ಯಂತ ಹಳೆಯ ಭಾಗದ ಹೆಸರು ಕೋಳಿವಾಡ. ಕನ್ನಡಿಗರು ಎಡವುವ ಮೂರನೆಯ ಪದ ಇದು. ಇದಕ್ಕೂ ಹುಂಜ-ಹೇಟೆಗಳಿಗೂ ಸಂಬಂಧವಿಲ್ಲ. ಕೋಳಿ ಎಂದರೆ ಮೀನು ಹಿಡಿಯುವ ಸಮುದಾಯ, ಮುಂಬೈಯ ಮೂಲ ನಿವಾಸಿಗಳು. 1909ರಲ್ಲಿ ಪ್ರಕಟವಾದ ಮುಂಬೈ ನಗರದ ಗೆಜೆಟಿಯರ್ ಧಾರಾವಿಯನ್ನು ಆರು ದೊಡ್ಡ ಕೋಳಿವಾಡಗಳಲ್ಲಿ ಒಂದೆಂದು ಹೆಸರಿಸುತ್ತದೆ. ಆಗ ಮಿಠಿ ನದಿಯ ಬಾಯಿಯಲ್ಲಿ ಜವುಗು ನೆಲವಿತ್ತು. ನಗರದ ಕಸ ಸುರಿದು ಸುರಿದು ಜವುಗು ತುಂಬಿತು, ನೀರು ಹಿಂದೆ ಸರಿಯಿತು, ಮೀನುಗಾರಿಕೆ ಸೊರಗಿತು. ತುಂಬಿದ ನೆಲದ ಮೇಲೆ ಹೊಸಬರು ಗುಡಿಸಲು ಕಟ್ಟಿದರು.

ಬಂದವರು ಒಂದೇ ಕಡೆಯವರಲ್ಲ. ಇಲ್ಲಿನ ಮೊದಲ ಚರ್ಮ ಹದಮಾಡುವ ಕಾರ್ಖಾನೆ 1887ರಲ್ಲಿ ಶುರುವಾಯಿತು. ಆ ಕೆಲಸದ ಬೆನ್ನಿಗೆ ತಿರುನೆಲ್ವೇಲಿ ಕಡೆಯ ತಮಿಳರು ಬಂದರು. ಸೌರಾಷ್ಟ್ರದ ಕುಂಬಾರರು ಬಂದು ಕುಂಭಾರವಾಡ ಕಟ್ಟಿದರು. ಉತ್ತರ ಪ್ರದೇಶದಿಂದ ಕಸೂತಿ ಮತ್ತು ಹೊಲಿಗೆಯವರು, ಮರಾಠವಾಡ ಮತ್ತು ಕೊಂಕಣದಿಂದ ಮರಾಠಿಗರು, ಆಂಧ್ರ ಮತ್ತು ಉತ್ತರ ಕರ್ನಾಟಕದ ಬರದ ಜಿಲ್ಲೆಗಳಿಂದ ಕೂಲಿಯವರು ಬಂದರು. ಇಡೀ ಧಾರಾವಿಯ ವಿಸ್ತೀರ್ಣ ಸುಮಾರು 2.4 ಚದರ ಕಿಲೋಮೀಟರ್. ಅಷ್ಟರಲ್ಲಿ ಇರುವ ಜನ 6 ಲಕ್ಷದಿಂದ 10 ಲಕ್ಷದವರೆಗೆ ಎಂಬ ಅಂದಾಜುಗಳಿವೆ. ಮುಂಬೈ ಮಹಾನಗರ ಪಾಲಿಕೆ ತನ್ನ ಶಾಲೆಗಳನ್ನು ಮರಾಠಿ, ಹಿಂದಿ, ಉರ್ದು, ಗುಜರಾತಿ, ಇಂಗ್ಲಿಷ್, ತಮಿಳು, ತೆಲುಗು, ಕನ್ನಡ ಎಂಬ 8 ಮಾಧ್ಯಮಗಳಲ್ಲಿ ನಡೆಸಬೇಕಾಗಿ ಬಂದಿದ್ದಕ್ಕೆ ಇಂಥ ವಸತಿಗಳೇ ಕಾರಣ.

ಗೋಡೆಗೆ ಗೋಡೆ ಹತ್ತಿದ ಮನೆಗಳಲ್ಲಿ ಭಾಷೆಯನ್ನು ಮನೆಯೊಳಗೇ ಇಟ್ಟುಕೊಳ್ಳಲು ಆಗುವುದಿಲ್ಲ. ನೀರಿನ ನಲ್ಲಿಯ ಸಾಲಿನಲ್ಲಿ ತಮಿಳು ತಾಯಿ, ಗುಜರಾತಿ ಕುಂಬಾರ, ಕಲಬುರಗಿಯ ಗೌಂಡಿ ಒಟ್ಟಿಗೆ ನಿಲ್ಲಬೇಕು, ಸರದಿಗಾಗಿ ಜಗಳವಾಡಬೇಕು, ಮರುದಿನ ಮತ್ತೆ ಅಲ್ಲೇ ನಿಲ್ಲಬೇಕು. ಜಗಳಕ್ಕೂ ರಾಜಿಗೂ ಒಂದು ಸಮಾನ ಮಾತು ಬೇಕು. ಅದು ಹಿಂದಿಯ ಪಠ್ಯಪುಸ್ತಕದಿಂದ ಬರಲಿಲ್ಲ. ಅವರವರೇ ಸೇರಿ ಮಾಡಿಕೊಂಡರು.

ಬೋಲೆ ತೋ ಅಂದರೆ ಅಂದರೆ

ಹೀಗೆ ಹುಟ್ಟಿದ ಮುಂಬೈ ಹಿಂದಿಯನ್ನು ಕನ್ನಡಿಗರು ಸ್ವಲ್ಪ ಗಮನವಿಟ್ಟು ಕೇಳಬೇಕು. 'ಬೋಲೆ ತೋ' ಎಂಬ ಮಾತನ್ನೇ ತೆಗೆದುಕೊಳ್ಳಿ. ಸಿನಿಮಾದ ಪೋಲಿ ಹುಡುಗರ ಬಾಯಲ್ಲಿ ಕೇಳಿ ಕೇಳಿ ಅದು ಬರೀ ಶೋಕಿಯ ಮಾತು ಎಂದು ನಮಗೆ ಅನ್ನಿಸಿದೆ. ಬಿಡಿಸಿ ನೋಡಿದರೆ 'ಬೋಲೆ' ಎಂದರೆ ಹೇಳಿದ, 'ತೋ' ಎಂದರೆ ಆದರೆ ಅಥವಾ ರೆ. ಒಟ್ಟಿಗೆ: ಅಂದರೆ. ಕನ್ನಡದಲ್ಲಿ ಅನ್ನು ಎಂಬ ಕ್ರಿಯಾಪದಕ್ಕೆ ರೆ ಸೇರಿಸಿ 'ಅಂದರೆ' ಮಾಡಿಕೊಂಡ ಹಾಗೆಯೇ ಇದು. ತಮಿಳಿನ 'ಎನ್ರಾಲ್', ತೆಲುಗಿನ 'ಅಂಟೆ', ಮರಾಠಿಯ 'ಮ್ಹಣಜೆ' ಎಲ್ಲವೂ ಇದೇ ಅಚ್ಚಿನವು. ದೆಹಲಿಯ ಪುಸ್ತಕದ ಹಿಂದಿ ಈ ಜಾಗದಲ್ಲಿ ಅರ್ಥಾತ್, ಯಾನೀ, ಮತಲಬ್ ಎನ್ನುತ್ತದೆ. ಅವುಗಳಲ್ಲಿ ಹೇಳುವ ಕ್ರಿಯೆಯೇ ಇಲ್ಲ. ಅಂದರೆ ಬೋಲೆ ತೋದಲ್ಲಿ ಪದ ಹಿಂದಿಯದು, ಅದನ್ನು ಕಟ್ಟಿದ ಕೈ ದಕ್ಷಿಣದ್ದು.

ಈ ಕೈಗೆ ಇನ್ನೂ ಹಳೆಯ ಇತಿಹಾಸವಿದೆ. ದಖನಿ ಮಾತಾಡುವ ಕಲಬುರಗಿ, ಬೀದರ, ವಿಜಯಪುರಗಳ ಮನೆಗಳಲ್ಲಿ 'ಬೋಲೆ ತೋ' ಇದೆ, 'ಅಂತ' ಎನ್ನುವಲ್ಲಿ 'ಬೋಲ್ಕೆ' ಇದೆ, ಬೇಡ ಎನ್ನಲು 'ನಕ್ಕೋ' ಇದೆ, ಏಕೆ ಎನ್ನಲು 'ಕೈಕು' ಇದೆ. ನಕ್ಕೋ ಮರಾಠಿಯ 'ನಕೋ'ದಿಂದ ಬಂದದ್ದು. ಬಹಮನಿ ರಾಜ್ಯ ಕಲಬುರಗಿಯಲ್ಲಿ ನೆಲೆಯೂರಿದ್ದು 1347ರಲ್ಲಿ. ಉತ್ತರದಿಂದ ಬಂದವರ ಭಾಷೆ ಇಲ್ಲಿನ ಕನ್ನಡ, ಮರಾಠಿ, ತೆಲುಗುಗಳ ನಡುವೆ ಕೆಲವು ತಲೆಮಾರು ಕಳೆದು ದಖನಿಯಾಯಿತು. 1580ರಿಂದ 1627ರವರೆಗೆ ಬಿಜಾಪುರವನ್ನಾಳಿದ ಎರಡನೆಯ ಇಬ್ರಾಹಿಂ ಆದಿಲ್ ಶಾಹ ತನ್ನ 'ಕಿತಾಬ್-ಎ-ನೌರಸ್' ಬರೆದದ್ದು ಈ ದಖನಿಯಲ್ಲಿ. ಇವತ್ತು ಶಾಲೆಗಳಲ್ಲಿ ಕಲಿಸುವ ಗದ್ಯ ಹಿಂದಿ ತನ್ನ ರೂಪ ಪಡೆದದ್ದು 19ನೇ ಶತಮಾನದಲ್ಲಿ. ಬೀದಿಯವರು ಶುದ್ಧ ಹಿಂದಿಯನ್ನು ಕೆಡಿಸಿದರು ಎಂಬ ಮಾತಿಗೆ ಈ ಕಾಲಾನುಕ್ರಮ ಹೊಂದುವುದಿಲ್ಲ. ಕೆಟ್ಟದ್ದು ಎನ್ನಿಸಿಕೊಂಡ ರೂಪಗಳಲ್ಲಿ ಕೆಲವು ಶುದ್ಧ ಎನ್ನಿಸಿಕೊಂಡ ರೂಪಕ್ಕಿಂತ ಮೊದಲೇ ಅರಮನೆಯಲ್ಲಿದ್ದ ಭಾಷೆಯವು.

ಮುಂಬೈಯಲ್ಲಿ 'ನಾನು' ಎನ್ನಲು ಬಳಸುವ 'ಅಪುನ್' ಕೂಡ ಹೀಗೆಯೇ. ಮರಾಠಿಯಲ್ಲಿ 'ನಾವು' ಎನ್ನಲು ಎರಡು ಪದಗಳಿವೆ. ಕೇಳುವವನನ್ನು ಬಿಟ್ಟು ನಾವು ಎಂದರೆ 'ಆಮ್ಹಿ', ಕೇಳುವವನನ್ನೂ ಸೇರಿಸಿಕೊಂಡರೆ 'ಆಪಣ್'. ತುಳುವಿನ 'ಎಂಕುಳು' ಮತ್ತು 'ನಮ', ತಮಿಳಿನ 'ನಾಂಗಳ್' ಮತ್ತು 'ನಾಮ್', ತೆಲುಗಿನ 'ಮೇಮು' ಮತ್ತು 'ಮನಮು' ಇದೇ ಭೇದವನ್ನು ಉಳಿಸಿಕೊಂಡಿವೆ. ಈ ಭೇದ ಮರಾಠಿಗೆ ದ್ರಾವಿಡ ಭಾಷೆಗಳ ಒಡನಾಟದಿಂದ ಬಂತು ಎಂಬುದು ಭಾಷಾಶಾಸ್ತ್ರಜ್ಞರು ಬಹಳವಾಗಿ ಒಪ್ಪುವ ವಿವರಣೆ. ನಿನ್ನನ್ನೂ ಸೇರಿಸಿಕೊಂಡ ನಾವು ಎಂಬ ಮೂಲದಿಂದ ಬಂದ ಪದ ಮುಂಬೈಯ ಗಲ್ಲಿಯಲ್ಲಿ ಎದೆ ಮುಟ್ಟಿಕೊಂಡು ನಾನು ಎನ್ನುವ ಪದವಾಯಿತು. ಒಂಟಿ ಮನುಷ್ಯ ತನ್ನ ಹಿಂದೆ ಒಂದು ಗುಂಪಿದೆ ಎಂದು ಹೇಳಿಕೊಳ್ಳುವ ದನಿ ಅದರಲ್ಲಿ ಇನ್ನೂ ಉಳಿದಿದೆ.

ಪಂಡಿತರು ಈ ಮಾತುಗಳ ಕಡೆ ಹೊರಳಿ ನೋಡಿದ್ದು ತಡವಾಗಿ. ಸುನೀತಿಕುಮಾರ್ ಚಟರ್ಜಿ ಕಲ್ಕತ್ತೆಯ ಬಜಾರು ಹಿಂದೂಸ್ತಾನಿಯ ಬಗ್ಗೆ 1931ರಲ್ಲಿ ಬರೆದರು. ಮಹಾದೇವ ಆಪ್ಟೆ ಮುಂಬೈಯ ಹಿಂದಿ-ಉರ್ದುವಿನ ವ್ಯಾಕರಣವನ್ನು 1974ರಲ್ಲಿ ವಿಶ್ಲೇಷಿಸಿದರು. ಇವೆರಡರ ನಡುವೆ, 1971ರಲ್ಲಿ, ಜಾನ್ ಗಂಪರ್ಜ್ ಮತ್ತು ರಾಬರ್ಟ್ ವಿಲ್ಸನ್ ಪ್ರಕಟಿಸಿದ ಅಧ್ಯಯನ ಕನ್ನಡಿಗರಿಗೆ ಹೆಚ್ಚು ಹತ್ತಿರದ್ದು. ಅದರ ವಸ್ತು ಸಾಂಗಲಿ ಜಿಲ್ಲೆಯ ಕುಪವಾಡ ಎಂಬ ಊರು. ಅಲ್ಲಿ ಜೈನರು ಮತ್ತು ಲಿಂಗಾಯತರ ಮನೆಮಾತು ಕನ್ನಡ, ಮುಸ್ಲಿಮರದು ಉರ್ದು, ಮಿಕ್ಕವರಲ್ಲಿ ಮರಾಠಿ ಮತ್ತು ತೆಲುಗು. ಶತಮಾನಗಳ ಒಡನಾಟದಲ್ಲಿ ಅವರ ವಾಕ್ಯದ ಕಟ್ಟು ಎಷ್ಟು ಹತ್ತಿರ ಬಂದಿತ್ತೆಂದರೆ ಒಂದು ಭಾಷೆಯ ವಾಕ್ಯದಲ್ಲಿ ಪದಗಳನ್ನಷ್ಟೇ ಬದಲಿಸಿದರೆ ಇನ್ನೊಂದು ಭಾಷೆಯ ವಾಕ್ಯ ಸಿಗುತ್ತಿತ್ತು. ಆದರೂ ಯಾರೂ ತಮ್ಮ ಮನೆಯ ಪದಗಳನ್ನು ಬಿಟ್ಟಿರಲಿಲ್ಲ. ಹೊಲದಲ್ಲಿ, ಸಂತೆಯಲ್ಲಿ ಒಬ್ಬರಿಗೊಬ್ಬರು ಅರ್ಥವಾಗಬೇಕು. ಮನೆಗೆ ಬಂದಾಗ ನಾವು ನಾವೇ ಆಗಿರಬೇಕು. ಕುಪವಾಡದಲ್ಲಿ ಶತಮಾನಗಳಲ್ಲಿ ನಡೆದದ್ದು ಧಾರಾವಿಯಲ್ಲಿ ಇನ್ನೂ ಇಕ್ಕಟ್ಟಿನಲ್ಲಿ, ಇನ್ನೂ ವೇಗವಾಗಿ ನಡೆಯಿತು.

ಮುಚ್ಚಿಡುವ ಮಾತು

ಎಲ್ಲ ಬೀದಿಮಾತೂ ಹತ್ತಿರ ತರಲೆಂದೇ ಹುಟ್ಟುವುದಿಲ್ಲ. ಕೆಲವು ಪದಗಳು ಪಕ್ಕದಲ್ಲಿ ನಿಂತವನಿಗೆ ತಿಳಿಯಬಾರದೆಂದೇ ಹುಟ್ಟುತ್ತವೆ. ಕನ್ನಡದ ಮಕ್ಕಳು ಪ್ರತಿ ಅಕ್ಷರಕ್ಕೂ 'ಕ' ಸೇರಿಸಿ ದೊಡ್ಡವರ ಮುಂದೆಯೇ ಗುಟ್ಟು ಮಾತಾಡುವುದನ್ನು ನೋಡಿದವರಿಗೆ ಈ ಬಗೆ ಹೊಸದಲ್ಲ.

ಇಂಥದ್ದೇ ಇನ್ನೊಂದು ಬಂದರುನಗರ ಜಕಾರ್ತದಲ್ಲೂ ನಡೆಯಿತು. ಅಲ್ಲಿ ಪುಂಡನಿಗೆ 'ಪ್ರೆಮಾನ್' ಎನ್ನುತ್ತಾರೆ. ಪುಂಡರು ಪದದ ಬಾಲ ಕತ್ತರಿಸಿ ನಡುವೆ 'ಓಕ್' ತೂರಿಸುವ ಒಂದು ಗುಟ್ಟಿನ ಮಾತು ಕಟ್ಟಿಕೊಂಡರು. ಆ ನಿಯಮಕ್ಕೆ ಪ್ರೆಮಾನ್ ಎಂಬ ಪದವನ್ನೇ ಒಡ್ಡಿದಾಗ 'ಪ್ರೋಕೆಮ್' ಆಯಿತು, ಆ ಭಾಷೆಗೇ ಅದು ಹೆಸರಾಯಿತು. ಅಪ್ಪ ಎಂಬರ್ಥದ 'ಬಾಪಕ್' ಅದೇ ರೀತಿ 'ಬೋಕಪ್' ಆಯಿತು. 1980ರ ದಶಕದ ಹೊತ್ತಿಗೆ ಕಾಲೇಜು ಹುಡುಗ ಹುಡುಗಿಯರು ಇದನ್ನು ಎತ್ತಿಕೊಂಡಿದ್ದರು. ಪುಂಡರ ಗುಟ್ಟು ಹೀಗೆ ಎಲ್ಲರ ಸಲಿಗೆಯ ಮಾತಾಯಿತು. ಇಂದಿಗೂ ಇಂಡೋನೇಷ್ಯಾದವರು ಮೊಬೈಲಿನಲ್ಲಿ ಎರಡು ಪದಗಳ ತಲೆಗಳನ್ನು ಜೋಡಿಸಿ ಹೊಸ ಪದ ಮಾಡುತ್ತಾರೆ. ಭಾವನೆಯನ್ನು ಹೊತ್ತುಕೊಳ್ಳು ಎಂಬರ್ಥದ 'ಬಾವಾ ಪೆರಸಾನ್' ಅಲ್ಲಿ 'ಬಾಪೆರ್' ಆಗಿದೆ, ಎಲ್ಲವನ್ನೂ ಮನಸ್ಸಿಗೆ ಹಚ್ಚಿಕೊಳ್ಳುವವರನ್ನು ಕಿಚಾಯಿಸುವ ಪದ.

ಮುಂಬೈಯ ಭೂಗತ ಜಗತ್ತು ಪದ ಕತ್ತರಿಸುವ ಗೋಜಿಗೆ ಹೋಗಲಿಲ್ಲ. ಸಾದಾ ಪದಕ್ಕೆ ಬೇರೆ ಅರ್ಥ ಹೊರಿಸಿತು. 'ಪೇಟಿ' ಎಂದರೆ ಪೆಟ್ಟಿಗೆ, ಅದು ಒಂದು ಲಕ್ಷವಾಯಿತು. 'ಖೋಖಾ' ಎಂದರೆ ಅದಕ್ಕಿಂತ ದೊಡ್ಡ ಡಬ್ಬ, ಅದು ಒಂದು ಕೋಟಿಯಾಯಿತು. 'ಘೋಡಾ' ಎಂದರೆ ಕುದುರೆ, ಅದು ಪಿಸ್ತೂಲಾಯಿತು. 'ಸುಪಾರಿ' ಎಂದರೆ ಅಡಿಕೆ, ಅದು ಕೊಲೆಯ ಗುತ್ತಿಗೆಯಾಯಿತು. ವೀಳ್ಯ ಹಿಡಿದವನು ಕೆಲಸ ಒಪ್ಪಿಕೊಂಡ ಎಂಬ ಹಳೆಯ ಪದ್ಧತಿ ಸುಪಾರಿಯ ಹಿಂದಿದೆ. ಯುದ್ಧಕ್ಕೆ ಹೊರಡುವವನಿಗೆ ರಣವೀಳ್ಯ ಕೊಡುತ್ತಿದ್ದ ನೆನಪು ಕನ್ನಡ ಕಾವ್ಯಗಳಲ್ಲೂ ಇದೆ. ಆದರೂ ಕನ್ನಡದ ಪತ್ರಿಕೆಗಳು ತಮ್ಮ ಮನೆಯ ರಣವೀಳ್ಯವನ್ನು ಬಿಟ್ಟು ಮುಂಬೈಯ ಅಡಿಕೆಯನ್ನೇ ತಂದುಕೊಂಡವು. ಇಂದು 'ಸುಪಾರಿ ಹತ್ಯೆ' ಎಂಬ ತಲೆಬರಹಕ್ಕೆ ಯಾವ ಕನ್ನಡ ಓದುಗರಿಗೂ ಟಿಪ್ಪಣಿ ಬೇಕಿಲ್ಲ.

ಇಂಥ ಪದಗಳ ಅರ್ಥ ಯಾವುದು ಎಂಬುದು 1999ರ ನಂತರ ಕಾನೂನಿನ ಪ್ರಶ್ನೆಯೂ ಆಯಿತು. ಆ ವರ್ಷ ಬಂದ ಮಹಾರಾಷ್ಟ್ರದ ಸಂಘಟಿತ ಅಪರಾಧ ನಿಯಂತ್ರಣ ಕಾಯ್ದೆ, ಅಂದರೆ ಮೋಕಾ, ಅನುಮತಿ ಪಡೆದು ಕದ್ದಾಲಿಸಿದ ಫೋನ್ ಮಾತನ್ನು ಸಾಕ್ಷ್ಯವಾಗಿ ಒಪ್ಪುತ್ತದೆ. ಫೋನಿನಲ್ಲಿ ಒಬ್ಬ 'ಎರಡು ಪೇಟಿ ಕಳಿಸು' ಎಂದ ಎಂದುಕೊಳ್ಳೋಣ. ಅವನು ಮಾವಿನ ವ್ಯಾಪಾರಿಯಾದರೆ ಅದು ಹಣ್ಣಿನ ಪೆಟ್ಟಿಗೆ. ಬೇರೆ ಯಾರೋ ಆದರೆ ಎರಡು ಲಕ್ಷ. ಪದದೊಳಗೆ ಎಷ್ಟು ಹುಡುಕಿದರೂ ಉತ್ತರ ಸಿಗುವುದಿಲ್ಲ. ಯಾರು, ಯಾರಿಗೆ, ಎಲ್ಲಿಂದ ಹೇಳಿದ ಎಂಬುದೇ ಅರ್ಥವನ್ನು ತೀರ್ಮಾನಿಸುತ್ತದೆ. ಆಗ ಹೇಳಿದವನ ವಿಳಾಸವೂ ಅರ್ಥದ ಭಾಗವಾಗುತ್ತದೆ. ಧಾರಾವಿಯವರಿಗೆ ಇರುವ ಅಪಾಯ ಅಲ್ಲಿದೆ. 1970 ಮತ್ತು 80ರ ದಶಕಗಳಲ್ಲಿ ವರದರಾಜನ್ ಮುದಲಿಯಾರ್‌ನ ಹೆಸರಿನ ಜೊತೆ ಅಂಟಿಕೊಂಡ ಆ ಬಡಾವಣೆಯಿಂದ ಬಂದ ಮಾತಿಗೆ ಅನುಮಾನದ ಅರ್ಥ ಮೊದಲು ಹೊಳೆಯುತ್ತದೆ, ಮಾವಿನ ಹಣ್ಣು ಆಮೇಲೆ.

ಅದೇ ಪದ ದೊಡ್ಡವರ ಬಾಯಿಗೆ ಬಂದರೆ ಕಥೆ ಬೇರೆ. 2022ರಲ್ಲಿ ಮಹಾರಾಷ್ಟ್ರದ ಸರ್ಕಾರ ಬದಲಾದ ಮೇಲೆ, ಆಗಸ್ಟ್‌ನ ಅಧಿವೇಶನದಲ್ಲಿ, ವಿರೋಧ ಪಕ್ಷದವರು ವಿಧಾನಭವನದ ಮೆಟ್ಟಿಲ ಮೇಲೆ ನಿಂತು 'ಪನ್ನಾಸ್ ಖೋಖೆ, ಏಕದಮ್ ಓಕೆ' ಎಂದು ಕೂಗಿದರು. ಪಕ್ಷ ಬದಲಿಸಿದವರು 50 ಕೋಟಿ ಪಡೆದರು ಎಂಬ ಆರೋಪ ಅದು, ಆಡಳಿತ ಪಕ್ಷದವರು ನಿರಾಕರಿಸಿದ ಆರೋಪ. ಖೋಖಾ ಎಂದರೇನು ಎಂದು ಯಾರೂ ಯಾರನ್ನೂ ಕೇಳಲಿಲ್ಲ. ಫೋನಿನ ಆ ತುದಿಯಲ್ಲಿ ಗುಟ್ಟಾಗಿದ್ದ ಪದ ವಿಧಾನಭವನದ ಮೆಟ್ಟಿಲಲ್ಲಿ ಘೋಷಣೆಯಾಗಿತ್ತು.

ಹೊರಗಿನವರು ಇಟ್ಟ ಹೆಸರು

ಗಲ್ಲಿಯ ಜನ ತಾವು ಆಡುವ ಪದಗಳಿಗೆ ಮಾತ್ರವಲ್ಲ, ತಮ್ಮ ಮೇಲೆ ಎಸೆದ ಪದಗಳಿಗೂ ಅರ್ಥ ಮಾಡಿಕೊಳ್ಳಬೇಕಾಗುತ್ತದೆ. ಶಿವಸೇನೆ ಹುಟ್ಟಿದ್ದು 1966ರ ಜೂನ್ 19ರಂದು. ಅದರ ಮೊದಲ ವರ್ಷಗಳ ಗುರಿ ಮುಂಬೈಯ ದಕ್ಷಿಣ ಭಾರತೀಯರು. ತಮಿಳ, ಮಲಯಾಳಿ, ಕನ್ನಡಿಗ, ತುಳುವ, ತೆಲುಗ ಎಲ್ಲರೂ 'ಮದ್ರಾಸಿ'ಗಳಾದರು. ಅವರ ಭಾಷೆಗಳೆಲ್ಲ ಸೇರಿ 'ಯಂಡುಗುಂಡು' ಎಂಬ ಅಣಕದ ಸದ್ದಾಯಿತು. ಲುಂಗಿ ಬೈಗುಳವಾಯಿತು. ಉಡುಪಿ ಹೋಟೆಲಿನ ಗಲ್ಲೆಯ ಮೇಲೆ ಕುಳಿತವರಿಗೂ ಧಾರಾವಿಯ ಚರ್ಮದ ಕಾರ್ಖಾನೆಯಲ್ಲಿ ದುಡಿಯುವವರಿಗೂ ಆ ಪದಗಳು ಒಂದೇ ರೀತಿ ಕೇಳಿಸಿದವು. ಊರಿನಲ್ಲಿ ಒಬ್ಬರಿಗೊಬ್ಬರು ದೂರವಾಗಿದ್ದವರನ್ನು ಒಂದು ಬೈಗುಳ ಒಟ್ಟುಗೂಡಿಸಿತು.

2009ರ ಜನವರಿಯಲ್ಲಿ 'ಸ್ಲಮ್‌ಡಾಗ್ ಮಿಲಿಯನೇರ್' ಭಾರತದಲ್ಲಿ ಬಿಡುಗಡೆಯಾದಾಗ ಇನ್ನೊಂದು ಹೆಸರು ಬಂತು. ಕೆಲವು ದೃಶ್ಯಗಳನ್ನು ಧಾರಾವಿಯಲ್ಲೇ ಚಿತ್ರಿಸಿದ್ದ ಆ ಚಿತ್ರದ ಶೀರ್ಷಿಕೆಯ ಮೊದಲ ಪದ ಅಲ್ಲಿ ಯಾರ ಬಾಯಲ್ಲೂ ಇರಲಿಲ್ಲ. ವಿಕಾಸ್ ಸ್ವರೂಪ್ ಅವರ ಮೂಲ ಕಾದಂಬರಿಯ ಹೆಸರೂ ಅದಲ್ಲ. ಅದನ್ನು ಟಂಕಿಸಿದವರು ಚಿತ್ರಕಥೆ ಬರೆದ ಸೈಮನ್ ಬ್ಯೂಫಾಯ್. ಬರೆದವರ ಕಿವಿಗೆ ಅದರಲ್ಲಿ ಅಕ್ಕರೆ ಕೇಳಿಸಿರಬಹುದು. ಧಾರಾವಿಯ ನಿವಾಸಿಗಳಿಗೆ ಕೇಳಿಸಿದ್ದು ನಾಯಿ. ನಾವು ನಾಯಿಗಳಲ್ಲ ಎಂದು ಅವರು ಬೀದಿಗಿಳಿದರು, ಪಟ್ನಾದಲ್ಲೂ ಪ್ರತಿಭಟನೆಗಳಾದವು. ಇಂಗ್ಲಿಷ್ ಸರಿಯಾಗಿ ತಿಳಿಯದ ಕಾರಣ ಈ ಗಲಾಟೆ ಎಂದು ಆಗ ಕೆಲವರು ನಕ್ಕರು. ಆದರೆ ಈ ದೇಶದಲ್ಲಿ ಬಡವನನ್ನು ನಾಯಿ ಎಂದಾಗ ಏನರ್ಥ ಎಂಬುದು ಬಡವನಿಗೆ ಗೊತ್ತಿರುವಷ್ಟು ನಿಘಂಟಿಗೆ ಗೊತ್ತಿಲ್ಲ.

ಇನ್ನೊಂದು ಬಗೆಯ ಉತ್ತರ ಕೊಟ್ಟವರು ಬ್ರೇಕ್‌ಡಾನ್ಸ್ ಮಾಡುವ ಹುಡುಗರು. ಅವರು ತಮ್ಮ ತಂಡಕ್ಕೆ ಇಟ್ಟುಕೊಂಡ ಹೆಸರು 'ಸ್ಲಮ್‌ಗಾಡ್ಸ್'. ಇಂಗ್ಲಿಷಿನಲ್ಲಿ ನಾಯಿಯ ಮೂರು ಅಕ್ಷರಗಳನ್ನು ಹಿಂದುಮುಂದಾಗಿ ಓದಿದರೆ ದೇವರಾಗುತ್ತದೆ. ಜಾವಾದ ಮಲಾಂಗ್ ನಗರದವರು ಪದಗಳನ್ನು ತಿರುಗಿಸಿ ಆಡುತ್ತಾರೆ, ತಮ್ಮ ಊರನ್ನು 'ಙಲಮ್' ಎನ್ನುತ್ತಾರೆ. ಪ್ಯಾರಿಸಿನ ಹೊರವಲಯದ ಹುಡುಗರು ಫ್ರೆಂಚ್ ಪದಗಳ ಉಚ್ಚಾರಾಂಶಗಳನ್ನು ಅದಲುಬದಲು ಮಾಡುತ್ತಾರೆ. ಧಾರಾವಿಯ ಹುಡುಗರು ತಿರುಗಿಸಿದ್ದು ಅವಮಾನವನ್ನು.

ಭಿಡು ಯಾರ ಆಸ್ತಿ?

ಮುಂಬೈಯ ಬೀದಿಮಾತು ದೇಶಕ್ಕೆಲ್ಲ ಹರಡಿದ್ದು ಸಿನಿಮಾದಿಂದ. 1977ರ 'ಅಮರ್ ಅಕ್ಬರ್ ಆಂಥೋನಿ'ಗೆ ಸಂಭಾಷಣೆ ಬರೆದ ಖಾದರ್ ಖಾನ್ ಬೆಳೆದದ್ದು ಕಾಮಾಠಿಪುರದಲ್ಲಿ. 1995ರ 'ರಂಗೀಲಾ', 1998ರ 'ಸತ್ಯಾ', 2003ರ 'ಮುನ್ನಾಭಾಯಿ ಎಂಬಿಬಿಎಸ್' ಒಂದೊಂದೂ ಒಂದೊಂದು ಕಂತೆ ಪದಗಳನ್ನು ಊರೂರಿಗೆ ಒಯ್ದವು. ಒಯ್ಯುವಾಗ ಬೇರುಗಳು ಉದುರಿಹೋದವು. 'ವಾಟ್ ಲಗ್ ಗಯಿ' ಎಂಬ ಮಾತಿನಲ್ಲಿ ಇಂಗ್ಲಿಷಿನ ವಾಟ್ ಇದೆ ಎಂದು ತಿಳಿದವರಿದ್ದಾರೆ. ಅದು ಮರಾಠಿಯ ವಾಟ್, ಅಂದರೆ ದಾರಿ. ದಾರಿ ಹತ್ತಿತು ಎಂದರೆ ಕೆಲಸ ಕೆಟ್ಟಿತು. 'ಲೋಚಾ' ಗುಜರಾತಿಯದು, ಗೋಜಲು ಎಂದರ್ಥ. 'ಖಲ್ಲಾಸ್' ಅರಬ್ಬಿಯಿಂದ ಬಂದದ್ದು. ಜೂಜು ಕಟ್ಟುವವನಿಗೆ ಇಂಗ್ಲಿಷಿನಲ್ಲಿರುವ ಹೆಸರು 'ಪಂಟರ್' ಎಂದಾಗಿ ಮೊದಲು ಗ್ಯಾಂಗಿನ ಆಳಾಗಿ, ಆಮೇಲೆ ಯಾವ ಹುಡುಗನಾದರೂ ಸರಿ ಎಂದಾಯಿತು.

'ಭಿಡು' ಇವುಗಳಲ್ಲಿ ಎಲ್ಲರಿಗೂ ಗೊತ್ತಿರುವುದು. ಮರಾಠಿಯಲ್ಲಿ ಭಿಡು ಎಂದರೆ ಆಟದಲ್ಲಿ ನಮ್ಮ ಪಕ್ಷದವನು, ಜೊತೆಗಾರ. ಆಟದ ಬಯಲಿನಿಂದ ಅದು ಗಲ್ಲಿಗೆ ಬಂದು ಗೆಳೆಯನಾಯಿತು, ಗಲ್ಲಿಯಿಂದ ತೆರೆಗೆ ಹೋಗಿ ನಟ ಜಾಕಿ ಶ್ರಾಫ್ ಅವರ ಗುರುತಾಯಿತು. 2024ರ ಮೇ ತಿಂಗಳಲ್ಲಿ ಅವರು ತಮ್ಮ ಹೆಸರು, ದನಿ, ಚಿತ್ರಗಳ ಜೊತೆಗೆ ಭಿಡು ಎಂಬ ಪದವನ್ನೂ ಅನುಮತಿಯಿಲ್ಲದೆ ವ್ಯಾಪಾರಕ್ಕೆ ಬಳಸಬಾರದೆಂದು ಕೋರಿ ದೆಹಲಿ ಹೈಕೋರ್ಟಿಗೆ ಹೋದರು. ನ್ಯಾಯಾಲಯ ಕೆಲವು ಸಂಸ್ಥೆಗಳ ವಿರುದ್ಧ ಮಧ್ಯಂತರ ತಡೆ ನೀಡಿತು. ನಟನೊಬ್ಬನ ಮುಖ, ದನಿಗಳನ್ನು ಕದ್ದು ಮಾರುವವರಿಂದ ಆತನಿಗೆ ರಕ್ಷಣೆ ಬೇಕು, ಅದರಲ್ಲಿ ತಕರಾರಿಲ್ಲ. ಆದರೂ ಲಗೋರಿ ಆಡುತ್ತ ಭಿಡು ಎಂದು ಕೂಗಿದ ಎಷ್ಟೋ ತಲೆಮಾರಿನ ಮಕ್ಕಳ ಬಗ್ಗೆ ಯೋಚನೆ ಬಾರದಿರುವುದಿಲ್ಲ. ಅವರ ಪರವಾಗಿ ಅರ್ಜಿ ಹಾಕಲು ಯಾರೂ ಇಲ್ಲ.

2010ರ ದಶಕದಲ್ಲಿ ಅಗ್ಗದ ಫೋನು ಮತ್ತು ಯೂಟ್ಯೂಬ್ ಬಂದಾಗ ಗಲ್ಲಿಯವರಿಗೆ ಮೊದಲ ಸಲ ನಡುವಿನವರಿಲ್ಲದೆ ಮಾತಾಡುವ ಅವಕಾಶ ಸಿಕ್ಕಿತು. ಧಾರಾವಿಯ 'ಡೋಪ್‌ಡೆಲಿಕ್ಸ್' ತಂಡ ಹಿಂದಿ, ಮರಾಠಿ, ತಮಿಳುಗಳಲ್ಲಿ ರ್‍ಯಾಪ್ ಮಾಡಿತು. 2018ರ ಜೂನಿನಲ್ಲಿ ಬಂದ ಪಾ. ರಂಜಿತ್ ಅವರ 'ಕಾಲಾ' ಚಿತ್ರದ ಹಾಡುಗಳಲ್ಲಿ ಅವರ ದನಿ ಸೇರಿತು. ಧಾರಾವಿಯ ತಮಿಳು ನಾಯಕನಾಗಿ ಅದರಲ್ಲಿ ನಟಿಸಿದವರು ಬೆಂಗಳೂರಿನಲ್ಲಿ ಹುಟ್ಟಿ, ಅಲ್ಲಿ ಬಸ್ ಕಂಡಕ್ಟರ್ ಆಗಿದ್ದ ಮರಾಠಿ ಮನೆಮಾತಿನ ರಜನೀಕಾಂತ್. ಎಂಸಿ ಅಲ್ತಾಫ್ ತನ್ನ ಹಾಡಿನ ಶೀರ್ಷಿಕೆಯಲ್ಲಿ ತಂದ 17 ಎಂಬ ಅಂಕಿ ಧಾರಾವಿಯ ಪಿನ್‌ಕೋಡಿನ ಬಾಲ, 400017. ಸಾಲದ ಅರ್ಜಿಯಲ್ಲಿ, ಕೆಲಸದ ಅರ್ಜಿಯಲ್ಲಿ ಬರೆಯಲು ಜನ ಹಿಂಜರಿಯುತ್ತಿದ್ದ ಅಂಕಿ ಅದು.

'ಸೆವೆನ್ ಬಂಟಾಯ್ಸ್' ಇನ್ನೊಂದು ತಂಡ. 'ಬಂಟಾಯ್' ಎಂದರೆ ಅಲ್ಲಿ ದೋಸ್ತು, ಅಣ್ಣತಮ್ಮ. 2019ರ ಫೆಬ್ರವರಿ 14ರಂದು ಬಿಡುಗಡೆಯಾದ ಜೋಯಾ ಅಖ್ತರ್ ಅವರ 'ಗಲ್ಲಿ ಬಾಯ್' ಈ ಲೋಕವನ್ನು ದೇಶಕ್ಕೆ ತೋರಿಸಿತು. ಕಥೆ ಧಾರಾವಿಯದು, ಅದಕ್ಕೆ ಪ್ರೇರಣೆಯಾದ ರ್‍ಯಾಪರ್‌ಗಳಲ್ಲಿ ನೇಜಿ ಕುರ್ಲಾದವರು, ಡಿವೈನ್ ಅಂಧೇರಿಯವರು. ಬಂಟಾಯ್ ಕೇಳಿದ ತುಳುವರಿಗೆ, ಕನ್ನಡಿಗರಿಗೆ 'ಬಂಟ' ನೆನಪಾಗದೆ ಇರದು. ನಮ್ಮ ಪದವೇ ಅಲ್ಲಿಗೆ ಹೋಗಿದೆ ಎನ್ನುವ ಆಸೆ ಸಹಜ. ಆದರೆ ಭಂಗಾರ್ ಕಲಿಸುವ ಪಾಠ ಅದೇ ಅಲ್ಲವೇ? ಸದ್ದು ಹೋಲುತ್ತದೆ ಎಂಬುದು ನೆಂಟಸ್ತಿಕೆಗೆ ಪುರಾವೆಯಾಗುವುದಿಲ್ಲ. ಹಾಗೆ ಹೇಳಬೇಕಾದರೆ ಯಾರು, ಯಾವಾಗ, ಯಾರಿಂದ ಕಲಿತರು ಎಂದು ತೋರಿಸಬೇಕು.

ಬಂಟಾಯ್‌ನಲ್ಲಿ ಬೇರೊಂದು ನೆಂಟಸ್ತಿಕೆ ಮಾತ್ರ ಕಣ್ಣಿಗೆ ಕಾಣುತ್ತದೆ. ಗುರುತಿಲ್ಲದವನನ್ನು ಮನೆಯವನನ್ನಾಗಿ ಮಾಡುವ ಪದಗಳು ಇಂಥ ಊರುಗಳಲ್ಲೆಲ್ಲ ಹುಟ್ಟುತ್ತವೆ. ತಮಿಳರ 'ಮಚ್ಚಾನ್' ಎಂದರೆ ಭಾವಮೈದುನ. ಅದು ಬೆಂಗಳೂರಿನ ಕನ್ನಡದಲ್ಲಿ 'ಮಚ್ಚಾ' ಆಗಿ ನೆಲೆಸಿದೆ. ಮುಂಬೈಯ 'ಭಾವಾ' ಮರಾಠಿಯ ಅಣ್ಣತಮ್ಮ. ಅದೇ ನಗರದಲ್ಲಿ 'ಅಣ್ಣಾ' ಎಂದರೆ ಇಡ್ಲಿ ಕೊಡುವ ದಕ್ಷಿಣದವ. ರಕ್ತಸಂಬಂಧವಿಲ್ಲದವರ ನಡುವೆ ನಂಬಿಕೆ ಬೇಕಾದಾಗ ಭಾಷೆ ಸಂಬಂಧವನ್ನು ಸಾಲವಾಗಿ ಕೊಡುತ್ತದೆ. ಆದರೆ ಆ ಸಾಲ ದಿನವೂ ಎದುರುಬದುರು ಸಿಗುವವರ ನಡುವೆ ಮಾತ್ರ ತೀರುತ್ತದೆ.

ಪಾತ್ರ, ಅಪಾತ್ರ

ಧಾರಾವಿಯ ಗಲ್ಲಿಗಳಿಗೆ ಕೊನೆಯದಾಗಿ ಬಂದಿರುವ ಪದಗಳು ಬೀದಿಯಲ್ಲಿ ಹುಟ್ಟಿದವಲ್ಲ, ಕಚೇರಿಯಿಂದ ಇಳಿದವು. 2022ರ ನವೆಂಬರಿನಲ್ಲಿ ಅದಾನಿ ಸಮೂಹ 5,069 ಕೋಟಿ ರೂಪಾಯಿಯ ಬಿಡ್‌ನೊಂದಿಗೆ ಧಾರಾವಿಯ ಪುನರಭಿವೃದ್ಧಿಯ ಹೊಣೆ ಪಡೆಯಿತು. 2024ರ ಮಾರ್ಚ್‌ನಲ್ಲಿ ಮನೆಮನೆಯ ಸಮೀಕ್ಷೆ ಶುರುವಾಯಿತು. ನಿಯಮದ ಪ್ರಕಾರ 2000ದ ಜನವರಿ 1ಕ್ಕೆ ಮೊದಲು ನೆಲಮಹಡಿಯಲ್ಲಿ ವಾಸವಿದ್ದವರಿಗೆ ಧಾರಾವಿಯಲ್ಲೇ 350 ಚದರ ಅಡಿಯ ಮನೆ ಉಚಿತ. ಅದರ ನಂತರ 2011ರ ಜನವರಿ 1ರೊಳಗೆ ಬಂದವರಿಗೆ ಧಾರಾವಿಯ ಹೊರಗೆ, ಎರಡೂವರೆ ಲಕ್ಷ ಕೊಟ್ಟರೆ ಮನೆ. ಮೇಲಿನ ಮಹಡಿಗಳಲ್ಲಿ ಇರುವವರಿಗೂ ಹೊರಗೆ, ಬಾಡಿಗೆ ಕಟ್ಟುತ್ತ ಕೊಳ್ಳುವ ವ್ಯವಸ್ಥೆ.

ಈ ವಿಂಗಡಣೆಗೆ ಮರಾಠಿಯ ಕಡತದಲ್ಲಿರುವ ಪದಗಳು 'ಪಾತ್ರ' ಮತ್ತು 'ಅಪಾತ್ರ'. ಅರ್ಹ, ಅನರ್ಹ ಎಂದಷ್ಟೇ ಅರ್ಥ. ಎಲ್ಲ ಭಾಷೆಯ ಮನೆಗಳಲ್ಲೂ ಈ ಎರಡು ಪದ ಈಗ ಮನೆಮಾತಾಗಿದೆ. ನಿಮ್ಮದು ಪಾತ್ರವೋ ಅಪಾತ್ರವೋ ಎಂಬುದು ಕುಶಲ ವಿಚಾರಿಸುವ ಬಗೆ. ಕನ್ನಡದ ಕಿವಿ ಇಲ್ಲಿ ಮತ್ತೊಮ್ಮೆ ಎಡವುತ್ತದೆ. ನಮಗೆ ಪಾತ್ರ ಎಂದರೆ ನಾಟಕದಲ್ಲಿ ವಹಿಸುವುದು, ನದಿ ಹರಿಯುವ ಜಾಗ. ಅಪಾತ್ರ ಎಂದೊಡನೆ ನೆನಪಾಗುವುದು ಅಪಾತ್ರದಾನ, ಯೋಗ್ಯತೆಯಿಲ್ಲದವನಿಗೆ ಕೊಟ್ಟ ದಾನ. ಕಡತ ಕೇಳುವುದು ಬಂದ ತಾರೀಖನ್ನು ಮಾತ್ರ. ಆದರೆ 30 ವರ್ಷ ಚಿಂದಿ ಮೂಟೆ ಹೊತ್ತವನು ಅಟ್ಟದ ಮನೆಯಲ್ಲಿದ್ದಾನೆಂದು ಅಪಾತ್ರನಾದಾಗ ಅವನ ಕಿವಿಗೆ ಯಾವ ಅರ್ಥ ಕೇಳಿಸುತ್ತದೆ ಎಂಬುದನ್ನು ಊಹಿಸಲು ಕನ್ನಡಿಗರಿಗೆ ಕಷ್ಟವಿಲ್ಲ.

ಹೊಸ ಕಟ್ಟಡಗಳಲ್ಲಿ ಶೌಚಾಲಯವಿರುತ್ತದೆ, ನಲ್ಲಿಯಲ್ಲಿ ನೀರಿರುತ್ತದೆ. ಧಾರಾವಿಯ ಕೊಚ್ಚೆಯಲ್ಲಿ ಬದುಕದವರು ಆ ಕೊಚ್ಚೆಗಾಗಿ ಹಂಬಲಿಸಬಾರದು. ಆದರೆ ನಲ್ಲಿಯ ಸಾಲು ಮುರಿದಾಗ ಅದರೊಂದಿಗೆ ಇನ್ನೇನು ಮುರಿಯುತ್ತದೆ ಎಂಬುದನ್ನು ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ನೆಲಮಹಡಿಯವರು ಒಂದು ಕಡೆ, ಅಟ್ಟದವರು ಇನ್ನೊಂದು ಕಡೆ ಹೋದರೆ ಬೋಲೆ ತೋ ಸಾಯುವುದಿಲ್ಲ. ಅದು ಸಿನಿಮಾದಲ್ಲಿ, ಜಾಹೀರಾತಿನಲ್ಲಿ, ಮೊಬೈಲಿನಲ್ಲಿ ಚೆನ್ನಾಗಿಯೇ ಇರುತ್ತದೆ. ಇಲ್ಲವಾಗುವುದು ತಮಿಳು ತಾಯಿಗೆ, ಗುಜರಾತಿ ಕುಂಬಾರನಿಗೆ, ಕಲಬುರಗಿಯ ಗೌಂಡಿಗೆ ಅಂಥ ಇನ್ನೊಂದು ಮಾತು ಮಾಡಿಕೊಳ್ಳಬೇಕಾದ ಅಗತ್ಯ.

ತೇರಾ ಕಂಪೌಂಡ್‌ನಲ್ಲಿ ಭಂಗಾರ್ ವಿಂಗಡಿಸುವವರು ಪ್ಲಾಸ್ಟಿಕ್ಕಿನ ಒಂದು ಚೂರನ್ನು ಕೈಗೆತ್ತಿಕೊಂಡು, ಬಗ್ಗಿಸಿ ನೋಡಿ, ಮುರಿದ ಸದ್ದು ಕೇಳಿ ಅದು ಯಾವ ಜಾತಿಯದೆಂದು ಹೇಳುತ್ತಾರೆ. ನೋಡಲು ಒಂದೇ ಥರ ಇರುವ ಎರಡು ಚೂರುಗಳು ಬೇರೆ ಬೇರೆ ರಾಶಿಗೆ ಬೀಳುತ್ತವೆ. ದೂರದಿಂದ ನೋಡಿದವರಿಗೆ ಎಲ್ಲವೂ ಕಸ.